ಬೀಗ ಅಪ್ಪನದು, ಕೀಲಿಕೈ ಮಗನದು

ಮಕ್ಕಳ ಗೇಮಿಗೆ ಪಾಸ್‌ವರ್ಡ್ ಹಾಕುವ ಮುನ್ನ ಆ ಪಾಸ್‌ವರ್ಡ್ ಯಾರ ಕೈಯಲ್ಲಿದೆ ಎಂದು ನೋಡಿಕೊಳ್ಳಬೇಕು. ದುಡ್ಡಿಗೆ, ಅಪರಿಚಿತರಿಗೆ, ರಾತ್ರಿಗೆ ಬೀಗ ಬೇಕೇ ಬೇಕು. ಉಳಿದದ್ದರ ಲೆಕ್ಕವೇ ಬೇರೆ.

ಹದಿನೆಂಟು ತುಂಬದವರು ಬಿಜಿಎಂಐ ಎಂಬ ಮೊಬೈಲ್ ಗೇಮ್ ಆಡಬೇಕೆಂದರೆ ಅಪ್ಪನದೋ ಅಮ್ಮನದೋ ಮೊಬೈಲ್ ನಂಬರ್ ಕೊಡಬೇಕು. ಆ ನಂಬರಿಗೆ ಒಟಿಪಿ ಬರುತ್ತದೆ. ಅದನ್ನು ತುಂಬಿದರೆ ಪೋಷಕರು ಒಪ್ಪಿದರು ಎಂದು ಲೆಕ್ಕ. 2021ರಲ್ಲಿ ಈ ಗೇಮನ್ನು ಭಾರತಕ್ಕೆ ತಂದಾಗ ಕ್ರಾಫ್ಟನ್ ಕಂಪನಿ ಇದರ ಜೊತೆಗೇ ಅಪ್ರಾಪ್ತರಿಗೆ ದಿನಕ್ಕೆ ಮೂರು ಗಂಟೆ ಆಟ, 7,000 ರೂಪಾಯಿ ಖರ್ಚು ಎಂಬ ಮಿತಿಗಳನ್ನೂ ಪ್ರಕಟಿಸಿತು. ಕಾಗದದ ಮೇಲೆ ಎಲ್ಲ ಚೆನ್ನಾಗಿದೆ. ಆದರೆ ನಮ್ಮ ಎಷ್ಟೋ ಮನೆಗಳಲ್ಲಿ ಹುಡುಗ ಆಡುವುದೇ ಅಮ್ಮನ ಮೊಬೈಲಿನಲ್ಲಿ. ಒಟಿಪಿ ಬಂದು ಬೀಳುವುದೂ ಅದೇ ಮೊಬೈಲಿಗೆ. ಒಪ್ಪಿಗೆ ಕೇಳುವವನೂ ಅವನೇ, ಕೊಡುವವನೂ ಅವನೇ. ತಾನು ಒಪ್ಪಿದ ಸಂಗತಿ ಅಮ್ಮನಿಗೇ ಗೊತ್ತಿರುವುದಿಲ್ಲ.

ಪೇರೆಂಟಲ್ ಕಂಟ್ರೋಲ್ ಎಂಬ ಹೆಸರಿನಲ್ಲಿ ಸಿಗುವ ಬಹುತೇಕ ವ್ಯವಸ್ಥೆಗಳು ಎರಡು ವಿಷಯಗಳನ್ನು ನಂಬಿಕೊಂಡು ಹುಟ್ಟಿದವು. ಒಂದು, ಮಗುವಿಗೆ ಅದರದ್ದೇ ಫೋನೋ ಕಂಪ್ಯೂಟರೋ ಇದೆ. ಎರಡು, ಆ ಯಂತ್ರದ ಒಳಹೊರಗು ಮನೆಯ ದೊಡ್ಡವರಿಗೆ ಗೊತ್ತಿದೆ. ನಮ್ಮಲ್ಲಿ ಎರಡೂ ತಲೆಕೆಳಗು. 2020ರಲ್ಲಿ ಶಾಲೆಗಳು ಮುಚ್ಚಿ ಪಾಠ ಆನ್‌ಲೈನ್ ಆದಾಗ ಎಷ್ಟೋ ಮನೆಗಳಿಗೆ ಸ್ಮಾರ್ಟ್‌ಫೋನ್ ಬಂದದ್ದೇ ಮಕ್ಕಳ ಓದಿನ ನೆಪದಲ್ಲಿ. ಕರೆಂಟ್ ಬಿಲ್ ಕಟ್ಟುವುದು, ಗ್ಯಾಸ್ ಬುಕ್ ಮಾಡುವುದು, ಹೊಸ ಫೋನಿಗೆ ಹಳೆಯ ನಂಬರುಗಳನ್ನು ಸೇರಿಸುವುದು ಎಲ್ಲವೂ ಎಂಟನೇ ಕ್ಲಾಸಿನ ಮಗನ ಅಥವಾ ಮಗಳ ಕೆಲಸ. ಅಪ್ಪನ ಗೂಗಲ್ ಖಾತೆಯ ಪಾಸ್‌ವರ್ಡ್ ಅಪ್ಪನಿಗೆ ಮರೆತಿರುತ್ತದೆ, ಮಗಳಿಗೆ ನೆನಪಿರುತ್ತದೆ. ಇಂಥ ಮನೆಯಲ್ಲಿ ಬೀಗ ಹಾಕುವವರು ಯಾರು, ಯಾರಿಗೆ?

ಪ್ರಶ್ನೆ ಕೇಳಿ ಒಳಗೆ ಬಿಡುತ್ತಿದ್ದ ಕಾಲ

ವಯಸ್ಸು ನೋಡಿ ಗೇಮಿನೊಳಗೆ ಬಿಡುವ ಪ್ರಯತ್ನ ಇಂದು ನಿನ್ನೆಯದಲ್ಲ. 1987ರಲ್ಲಿ ಅಮೆರಿಕದ ಸಿಯೆರಾ ಕಂಪನಿ ‘ಲೀಶರ್ ಸೂಟ್ ಲ್ಯಾರಿ’ ಎಂಬ ವಯಸ್ಕರ ಗೇಮ್ ತಂದಿತು. ಆಡುವ ಮೊದಲು ಅದು ಕೆಲವು ಪ್ರಶ್ನೆ ಕೇಳುತ್ತಿತ್ತು. ಅವು ಅಮೆರಿಕದ ರಾಜಕಾರಣ, ಸಿನಿಮಾ, ಹಳೆಯ ಸುದ್ದಿಗಳ ಬಗೆಗಿನ ಪ್ರಶ್ನೆಗಳು. ದೊಡ್ಡವರಿಗೆ ಉತ್ತರ ಗೊತ್ತಿರುತ್ತದೆ, ಮಕ್ಕಳಿಗೆ ಗೊತ್ತಿರುವುದಿಲ್ಲ ಎಂಬುದು ಕಂಪನಿಯ ಲೆಕ್ಕ. ಕೀಬೋರ್ಡಿನ ಎರಡು ಕೀಲಿಗಳನ್ನು ಒಟ್ಟಿಗೆ ಒತ್ತಿದರೆ ಪ್ರಶ್ನೆಗಳನ್ನೇ ದಾಟಿ ಹೋಗಬಹುದಿತ್ತು ಎಂಬುದು ಮಾತ್ರ ಮಕ್ಕಳಿಗೇ ಮೊದಲು ಗೊತ್ತಾಗುವಂಥ ಗುಟ್ಟು.

ಇಪ್ಪತ್ತು ವರ್ಷದ ನಂತರ, 2007ರಲ್ಲಿ, ಮೈಕ್ರೋಸಾಫ್ಟ್‌ನ ವಿಂಡೋಸ್ ವಿಸ್ಟಾದೊಳಗೇ ಪೇರೆಂಟಲ್ ಕಂಟ್ರೋಲ್ ಬಂತು. ಮಗು ವಾರದ ಯಾವ ದಿನ, ಯಾವ ಹೊತ್ತಿನಲ್ಲಿ ಕಂಪ್ಯೂಟರ್ ಬಳಸಬಹುದು, ಯಾವ ವಯಸ್ಸಿನವರ ಗೇಮ್ ಆಡಬಹುದು ಎಂದು ಮೊದಲೇ ಗೊತ್ತುಮಾಡಿಡಬಹುದಾಗಿತ್ತು. ಇಂದಿನ ವಿಂಡೋಸ್‌ನಲ್ಲಿ ಇದೇ ಕೆಲಸವನ್ನು ಫ್ಯಾಮಿಲಿ ಸೇಫ್ಟಿ ಮಾಡುತ್ತದೆ. ಇವೆಲ್ಲ ನಿಂತಿರುವುದು ಒಂದೇ ಸಂಗತಿಯ ಮೇಲೆ. ಕಂಪ್ಯೂಟರಿನಲ್ಲಿ ಖಾತೆ ಎರಡು ಬಗೆ, ಅಡ್ಮಿನಿಸ್ಟ್ರೇಟರ್ ಮತ್ತು ಸ್ಟ್ಯಾಂಡರ್ಡ್. ಅಡ್ಮಿನಿಸ್ಟ್ರೇಟರ್ ಆದವರು ನಿಯಮ ಮಾಡಬಹುದು, ತೆಗೆಯಬಹುದು. ಕಂಪ್ಯೂಟರ್ ಹೊಸದಾಗಿ ಬಂದ ದಿನ ಮೊದಲು ತೆರೆದ ಖಾತೆಯೇ ಅಡ್ಮಿನಿಸ್ಟ್ರೇಟರ್ ಆಗುತ್ತದೆ. ಆ ದಿನ ಡಬ್ಬಿ ಬಿಚ್ಚಿ, ವೈರ್ ಜೋಡಿಸಿ, ಹೆಸರು ಹಾಕಿ, ಖಾತೆ ತೆರೆದವರು ಯಾರು ಎಂದು ನೆನಪಿಸಿಕೊಳ್ಳಿ. ಮಗನೇ ಆಗಿದ್ದರೆ ಮನೆಯ ಅಡ್ಮಿನಿಸ್ಟ್ರೇಟರ್ ಅವನೇ. ನೀವು ಆಮೇಲೆ ಹಾಕುವ ಪಾಸ್‌ವರ್ಡಿಗೆ ಅವನ ಅನುಮತಿ ಬೇಕು!

ಫೋನಿನ ಕತೆಯೂ ಹೀಗೇ. ಗೂಗಲ್‌ನ ಫ್ಯಾಮಿಲಿ ಲಿಂಕ್ 2017ರಲ್ಲಿ, ಐಫೋನಿನ ಸ್ಕ್ರೀನ್ ಟೈಮ್ 2018ರಲ್ಲಿ ಬಂದವು. ಸ್ಕ್ರೀನ್ ಟೈಮ್ ಬಂದು ಹೆಚ್ಚು ದಿನ ಕಳೆಯುವ ಮುನ್ನವೇ ಮಕ್ಕಳು ದಾರಿ ಕಂಡುಕೊಂಡಿದ್ದರು. ಹೊತ್ತು ಮುಗಿಯಿತೇ? ಫೋನಿನ ಗಡಿಯಾರವನ್ನೇ ತಿರುಗಿಸಿಬಿಡು. ಗೇಮಿಗೆ ಬೀಗ ಬಿತ್ತೇ? ಗೇಮನ್ನು ಅಳಿಸಿ ಮತ್ತೆ ಹಾಕಿಕೋ. ಕಂಪನಿ ಒಂದು ತೂತು ಮುಚ್ಚಿದರೆ ಇನ್ನೊಂದು ಸಿಗುತ್ತಿತ್ತು. ನೀನು ಚಾಪೆ ಕೆಳಗೆ ತೂರಿದರೆ ನಾನು ರಂಗೋಲಿ ಕೆಳಗೆ ತೂರುತ್ತೇನೆ ಎಂಬ ಗಾದೆಗೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗಲಿಕ್ಕಿಲ್ಲ.

ಸರ್ಕಾರವೇ ಬೀಗ ಜಡಿದಾಗ

ಅಪ್ಪ ಅಮ್ಮನ ಕೈಲಾಗದ್ದನ್ನು ಸರ್ಕಾರ ಮಾಡಿದರೆ? ದಕ್ಷಿಣ ಕೊರಿಯಾ ಮಾಡಿ ನೋಡಿತು. 2011ರ ನವೆಂಬರಿನಿಂದ ಹದಿನಾರರೊಳಗಿನ ಮಕ್ಕಳು ಮಧ್ಯರಾತ್ರಿಯಿಂದ ಬೆಳಗಿನ ಆರು ಗಂಟೆಯವರೆಗೆ ಕಂಪ್ಯೂಟರಿನಲ್ಲಿ ಆನ್‌ಲೈನ್ ಗೇಮ್ ಆಡುವಂತಿರಲಿಲ್ಲ. ಹನ್ನೆರಡು ಹೊಡೆದೊಡನೆ ಆಟ ಬಂದ್ ಆಗುತ್ತಿದ್ದುದರಿಂದ ಜನ ಅದನ್ನು ಸಿಂಡ್ರೆಲಾ ಕಾನೂನು ಎಂದು ಕರೆದರು. ಅಲ್ಲಿ ಪ್ರತಿ ಪ್ರಜೆಗೂ ಒಂದು ನೋಂದಣಿ ಸಂಖ್ಯೆ ಇದೆ. ಮಕ್ಕಳು ಅಪ್ಪ ಅಮ್ಮನ ಸಂಖ್ಯೆ ಹಾಕಿ ಆಟ ಮುಂದುವರಿಸಿದರು. ಅಷ್ಟರಲ್ಲಿ ಆಟವೆಲ್ಲ ಮೊಬೈಲಿಗೆ ಸರಿಯಿತು, ಕಾನೂನು ಕಂಪ್ಯೂಟರಿನ ಬಳಿಯೇ ಉಳಿಯಿತು. 2021ರಲ್ಲಿ ಒಂದು ತಮಾಷೆಯೂ ಆಯಿತು. ಮೈನ್‌ಕ್ರಾಫ್ಟ್ ಆಡಲು ಬೇಕಾದ ಖಾತೆಯ ವ್ಯವಸ್ಥೆ ಬದಲಾದಾಗ ಈ ಕಾನೂನಿನ ದೆಸೆಯಿಂದ ಅಲ್ಲಿ ಚಿಕ್ಕವರಿಗೆ ಅದರ ಬಾಗಿಲು ಮುಚ್ಚಿತು. ಇಟ್ಟಿಗೆ ಜೋಡಿಸಿ ಮನೆ ಕಟ್ಟುವ ಮಕ್ಕಳ ಆಟ ದೊಡ್ಡವರ ಆಟವಾಯಿತು. 2022ರ ಜನವರಿ 1ರಿಂದ ಆ ಕಾನೂನೇ ಇಲ್ಲ. ಬೇಕಾದ ಪೋಷಕರು ಕಂಪನಿಗೆ ಹೇಳಿ ತಮ್ಮ ಮಗುವಿನ ಆಟದ ವೇಳೆ ನಿಗದಿ ಮಾಡಿಸಿಕೊಳ್ಳಬಹುದು ಎಂಬ ವ್ಯವಸ್ಥೆ ಮಾತ್ರ ಉಳಿದಿದೆ.

ಚೀನಾ ಇನ್ನೂ ಬಿಗಿ. ಅಲ್ಲಿ 2021ರ ಸೆಪ್ಟೆಂಬರಿನಿಂದ ಹದಿನೆಂಟರೊಳಗಿನವರಿಗೆ ಆನ್‌ಲೈನ್ ಗೇಮ್ ಇರುವುದು ಶುಕ್ರವಾರ, ಶನಿವಾರ, ಭಾನುವಾರ ಮತ್ತು ಸರ್ಕಾರಿ ರಜೆಯ ದಿನ ಮಾತ್ರ. ಅದೂ ರಾತ್ರಿ ಎಂಟರಿಂದ ಒಂಬತ್ತರವರೆಗೆ, ಒಂದೇ ಗಂಟೆ. ಟೆನ್ಸೆಂಟ್ ಕಂಪನಿಯಂತೂ ರಾತ್ರಿ ಹೊತ್ತು ಆಡುವವರ ಮುಖ ನೋಡಿ ಗುರುತು ಹಿಡಿಯುವ ಏರ್ಪಾಡು ಮಾಡಿತು. ಅಜ್ಜ ಅಜ್ಜಿಯ ಹೆಸರಿನ ಖಾತೆ, ಬಾಡಿಗೆಗೆ ಸಿಗುವ ಖಾತೆ, ಎಲ್ಲ ಅಲ್ಲೂ ಹುಟ್ಟಿಕೊಂಡವು.

ಬೆಂಗಳೂರಿನ ಒಟಿಪಿ, ಸೋಲ್‌ನ ನೋಂದಣಿ ಸಂಖ್ಯೆ, ಬೀಜಿಂಗಿನ ಅಜ್ಜನ ಖಾತೆ, ಮೂರೂ ಒಂದೇ ಕಾಯಿಲೆಯ ಲಕ್ಷಣ. ‘ನೀನು ಯಾರು’ ಎಂದು ಕೇಳಿ ಒಳಗೆ ಬಿಡುವ ಬೀಗ, ದೊಡ್ಡವರ ಗುರುತು ಮಕ್ಕಳ ಕೈಗೆ ಸಿಗುವ ಮನೆಯಲ್ಲಿ ನಿಲ್ಲುವುದಿಲ್ಲ.

ಕೊನೆಯ ಝೋನಿನ ಜಗಳ

ಸಮಯದ ಬೀಗಕ್ಕೆ ಇನ್ನೊಂದು ತೊಡಕಿದೆ. ಅದು ಗೊತ್ತಾಗಬೇಕಾದರೆ ಸಂಜೆ ಹೊತ್ತು ಬಿಜಿಎಂಐ ಆಡುವ ಹುಡುಗನ ಪಕ್ಕ ಅರ್ಧ ಗಂಟೆ ಕೂರಬೇಕು. ನೂರು ಮಂದಿ ವಿಮಾನದಿಂದ ಒಂದು ದ್ವೀಪಕ್ಕೆ ಹಾರುತ್ತಾರೆ. ಮೊದಲ ಹತ್ತು ನಿಮಿಷ ಖಾಲಿ ಮನೆಗಳಲ್ಲಿ ಬಂದೂಕು, ಔಷಧ ಹುಡುಕಾಟ. ಆಮೇಲೆ ಸುರಕ್ಷಿತ ಜಾಗದ ಸುತ್ತಳತೆ ಕುಗ್ಗುತ್ತಾ ಬರುತ್ತದೆ. ಆ ಜಾಗಕ್ಕೇ ಹುಡುಗರು ‘ಝೋನ್’ ಎನ್ನುವುದು. ಕೊನೆಯ ಝೋನಿಗೆ ಬರುವಾಗ ಇಪ್ಪತ್ತೈದು ಮೂವತ್ತು ನಿಮಿಷ ಕಳೆದಿರುತ್ತದೆ, ಉಳಿದವರು ಬೆರಳೆಣಿಕೆಯಷ್ಟು. ಸ್ಕ್ವಾಡಿನ ನಾಲ್ವರಲ್ಲಿ ಇಬ್ಬರು ಸತ್ತು ಕೂತು ಇವನನ್ನೇ ನೋಡುತ್ತಿರುತ್ತಾರೆ, ಕಿವಿಯಲ್ಲಿ ಕೂಗುತ್ತಿರುತ್ತಾರೆ. ಸರಿಯಾಗಿ ಆಗಲೇ ಒಳಗಿನಿಂದ ಕರೆ ಬರುತ್ತದೆ: “ಊಟಕ್ಕೆ ಬಾರೋ, ಸಾರು ಆರ್ತಾ ಇದೆ.” “ಎರಡೇ ನಿಮಿಷ ಅಮ್ಮಾ, ಲಾಸ್ಟ್ ಝೋನು!”

ಈ ಎರಡು ನಿಮಿಷ ಸುಳ್ಳಲ್ಲ. ಮೂವತ್ತು ನಿಮಿಷದ ಶ್ರಮಕ್ಕೆ ಫಲ ಸಿಗುವುದೇ ಆ ಎರಡು ನಿಮಿಷದಲ್ಲಿ. ಆ ಹೊತ್ತಿಗೇ ಟೈಮರ್ ಬಂದು ಪರದೆ ಕಪ್ಪಾದರೆ ಹುಡುಗನಿಗೆ ಸೋತದ್ದು ತಾನೊಬ್ಬನೇ ಅನ್ನಿಸುವುದಿಲ್ಲ, ಮೂವರು ಗೆಳೆಯರಿಗೆ ಕೈಕೊಟ್ಟೆ ಅನ್ನಿಸುತ್ತದೆ. ನಿಂಟೆಂಡೊ ಕಂಪನಿಗೆ ಇದು ಅರ್ಥವಾಗಿತ್ತೆಂದು ತೋರುತ್ತದೆ. 2017ರಲ್ಲಿ ಬಂದ ಅದರ ಸ್ವಿಚ್ ಯಂತ್ರದಲ್ಲಿ ಪೋಷಕರು ಹಾಕಿದ ಹೊತ್ತು ಮುಗಿದರೆ ಪರದೆಯ ಮೇಲೆ ಎಚ್ಚರಿಕೆ ಮೂಡುತ್ತದೆ, ಆಟ ತಾನಾಗಿ ನಿಲ್ಲುವುದಿಲ್ಲ. ಮೀರಿ ಆಡಿದ್ದು ಪೋಷಕರ ಫೋನಿಗೆ ತಿಳಿಯುತ್ತದೆ. ಅರ್ಧಕ್ಕೇ ನಿಲ್ಲಿಸಬೇಕೆಂದರೆ ಅದಕ್ಕೆ ಬೇರೆ ಗುಂಡಿ ಇದೆ.

ಆದ್ದರಿಂದ ಮಿತಿಯನ್ನು ನಿಮಿಷದಲ್ಲಿ ಅಳೆಯದೆ ಮ್ಯಾಚಿನಲ್ಲಿ ಅಳೆಯುವುದು ಲೇಸು. ‘ಒಂದು ಗಂಟೆ’ ಎಂದರೆ ದಿನವೂ ಜಗಳ. ‘ಎರಡು ಮ್ಯಾಚು, ಎಂಟೂವರೆಯ ಮೇಲೆ ಹೊಸದು ಶುರುಮಾಡುವಂತಿಲ್ಲ’ ಎಂದರೆ ಮಾತಿಗೆ ಒಂದು ಹಿಡಿತ ಸಿಗುತ್ತದೆ. ಇಷ್ಟು ಹೇಳಬೇಕಾದರೆ ಯಾವ ಗೇಮಿನ ಒಂದು ಸುತ್ತು ಎಷ್ಟು ಹೊತ್ತಿನದು ಎಂದು ಪೋಷಕರಿಗೂ ಗೊತ್ತಿರಬೇಕು.

ಬೀಗ ಬೇಕೇ ಬೇಕಾದ ಜಾಗಗಳು

ಹಾಗಾದರೆ ಪಾಸ್‌ವರ್ಡೇ ಬೇಡವೇ? ಬೇಕು. ಮೊದಲು ಬೇಕಾದದ್ದು ದುಡ್ಡಿಗೆ. ಪುಕ್ಕಟೆ ಎಂದು ಸಿಗುವ ಗೇಮಿನ ವ್ಯಾಪಾರ ನಡೆಯುವುದೇ ಒಳಗೆ. ಬಿಜಿಎಂಐನಲ್ಲಿ ಯುಸಿ, ರೋಬ್ಲಾಕ್ಸಿನಲ್ಲಿ ರೋಬಕ್ಸ್ ಎಂಬ ಆಟದ ನಾಣ್ಯಗಳನ್ನು ನಿಜವಾದ ದುಡ್ಡು ಕೊಟ್ಟೇ ಕೊಳ್ಳಬೇಕು. ಆಪಲ್ ಕಂಪನಿ ಒಂದು ಕಾಲದಲ್ಲಿ ಪಾಸ್‌ವರ್ಡ್ ಒಮ್ಮೆ ಹಾಕಿದರೆ ಮುಂದಿನ ಹದಿನೈದು ನಿಮಿಷ ಮತ್ತೆ ಕೇಳದೆ ಖರೀದಿಗೆ ಬಿಡುತ್ತಿತ್ತು. ಅಪ್ಪ ಒಂದು ಸಲ ಒಪ್ಪಿ ಫೋನ್ ಕೊಟ್ಟರೆ ಮಗು ಹತ್ತು ಸಲ ಕೊಳ್ಳುತ್ತಿತ್ತು. ಅಮೆರಿಕದ ಫೆಡರಲ್ ಟ್ರೇಡ್ ಕಮಿಷನ್ ಹಿಡಿದು ಕೇಳಿದ ಮೇಲೆ 2014ರಲ್ಲಿ ಆಪಲ್ ಕನಿಷ್ಠ 3.25 ಕೋಟಿ ಡಾಲರ್ ಮರಳಿಸಲು ಒಪ್ಪಿತು. 2022ರ ಡಿಸೆಂಬರಿನಲ್ಲಿ ಫೋರ್ಟ್‌ನೈಟ್ ಮಾಡಿದ ಎಪಿಕ್ ಗೇಮ್ಸ್ 52 ಕೋಟಿ ಡಾಲರ್ ತೆರಲು ಒಪ್ಪಿತು. ಅದರಲ್ಲಿ 24.5 ಕೋಟಿ ಡಾಲರ್ ಇಂಥ ಬೇಡದ ಖರೀದಿಗಳ ಮರುಪಾವತಿಗೆ. ಉಳಿದದ್ದು ಮಕ್ಕಳ ಖಾಸಗಿತನದ ಕಾನೂನು ಮುರಿದ ದಂಡ. ಮಕ್ಕಳು ಅಪರಿಚಿತರ ಜೊತೆ ಮಾತಾಡುವ ಬಾಗಿಲನ್ನು ಕಂಪನಿಯೇ ಮೊದಲಿನಿಂದ ತೆರೆದಿಟ್ಟಿತ್ತು ಎಂಬ ದೂರೂ ಅದೇ ಪ್ರಕರಣದಲ್ಲಿತ್ತು.

ಮನೆಗೆಲ್ಲ ಒಂದೇ ಫೋನ್ ಇರುವ ಕಡೆ ಮಾಡಬಹುದಾದದ್ದು ಇಷ್ಟು. ಪ್ಲೇ ಸ್ಟೋರಿನ ಸೆಟ್ಟಿಂಗ್‌ನಲ್ಲಿ ಪ್ರತಿ ಖರೀದಿಗೂ ದೃಢೀಕರಣ ಕೇಳುವಂತೆ ಮಾಡಿ. ಬೆರಳಚ್ಚಿನಿಂದ ಖರೀದಿ ನಡೆಯುವ ಫೋನಿನಲ್ಲಿ ಮಗುವಿನ ಬೆರಳೂ ದಾಖಲಾಗಿದ್ದರೆ ಬೀಗ ಹಾಕಿಯೂ ಪ್ರಯೋಜನವಿಲ್ಲ, ಅದನ್ನು ತೆಗೆಯಿರಿ. ಯುಪಿಐ ಪಿನ್ ಹುಟ್ಟಿದ ವರ್ಷವಾಗಿರಬಾರದು, ಫೋನ್ ತೆರೆಯುವ ಸಂಖ್ಯೆಯೂ ಅದೇ ಆಗಿರಬಾರದು. ಅಂಗಡಿಯಲ್ಲಿ ಸ್ಕ್ಯಾನ್ ಮಾಡಿ ಪಿನ್ ಒತ್ತುವ ಕೆಲಸವನ್ನು ಮಗುವಿನ ಕೈಗೆ ಕೊಡುವ ರೂಢಿ ಬಿಡಿ. ಹಲವು ಆಂಡ್ರಾಯ್ಡ್ ಫೋನುಗಳಲ್ಲಿ ಇನ್ನೊಬ್ಬ ಬಳಕೆದಾರರನ್ನು ಸೇರಿಸುವ ಸೌಲಭ್ಯ ಇದೆ. ಅಲ್ಲಿ ಬ್ಯಾಂಕಿನ ಆ್ಯಪ್ ಇರುವುದಿಲ್ಲ, ನಿಮ್ಮ ಫೋಟೊ, ವಾಟ್ಸ್‌ಆ್ಯಪ್ ಕಾಣುವುದಿಲ್ಲ. ಗೇಮಿನೊಳಗಿನ ಚಾಟ್ ಗೆಳೆಯರಿಗೆ ಮಾತ್ರ ಎಂದು ಬದಲಿಸಿ. ಕಂಪ್ಯೂಟರ್ ಇದ್ದರೆ ಅಡ್ಮಿನಿಸ್ಟ್ರೇಟರ್ ಖಾತೆ ನಿಮ್ಮದಾಗಲಿ, ಮಗುವಿಗೆ ಸ್ಟ್ಯಾಂಡರ್ಡ್ ಖಾತೆ ಇರಲಿ. ರಾತ್ರಿ ಎಲ್ಲರ ಫೋನೂ, ಅಪ್ಪನದೂ ಸೇರಿ, ಹಾಲ್‌ನಲ್ಲೇ ಚಾರ್ಜಿಗೆ ಕೂರಲಿ. ಇದಕ್ಕೆ ಪಾಸ್‌ವರ್ಡ್ ಬೇಡ, ಗಡಿಯಾರ ತಿರುಗಿಸಿ ಗೆಲ್ಲಲೂ ಆಗುವುದಿಲ್ಲ.

ಹುಚ್ಚು ಎಷ್ಟು, ಕಾಯಿಲೆ ಎಷ್ಟು

ದಿನಕ್ಕೆ ನಾಲ್ಕು ಗಂಟೆ ಆಡಿದ ಮಾತ್ರಕ್ಕೆ ಕಾಯಿಲೆ ಎನ್ನುವಂತಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ರೋಗಗಳ ಪಟ್ಟಿಯಲ್ಲಿ 2022ರಿಂದ ‘ಗೇಮಿಂಗ್ ಡಿಸಾರ್ಡರ್’ ಜಾರಿಯಲ್ಲಿದೆ. ಅದು ಗಂಟೆ ಎಣಿಸುವುದಿಲ್ಲ. ಆಟದ ಮೇಲೆ ಹತೋಟಿ ತಪ್ಪಿದೆಯೇ, ಊಟ ನಿದ್ದೆ ಓದು ಗೆಳೆತನಗಳನ್ನೆಲ್ಲ ಹಿಂದಿಕ್ಕಿ ಆಟವೇ ಮುಂದಾಗಿದೆಯೇ, ಕೆಡುಕು ಕಣ್ಣಿಗೆ ಕಂಡರೂ ಬಿಡಲಾಗುತ್ತಿಲ್ಲವೇ ಎಂದು ಕೇಳುತ್ತದೆ. ಇದು ಸಾಮಾನ್ಯವಾಗಿ ಹನ್ನೆರಡು ತಿಂಗಳಾದರೂ ಮುಂದುವರಿದಿರಬೇಕು. ಆ ಹಂತಕ್ಕೆ ಹೋದ ಮಗುವಿಗೆ ಪಾಸ್‌ವರ್ಡ್ ಮದ್ದಲ್ಲ. ಬೆಂಗಳೂರಿನ ನಿಮ್ಹಾನ್ಸ್ ಇಂಥ ತೊಂದರೆಗಳಿಗಾಗಿಯೇ 2014ರಿಂದ ‘ಶಟ್’ ಕ್ಲಿನಿಕ್ ನಡೆಸುತ್ತಿದೆ. ಫೋನ್ ಕಿತ್ತುಕೊಂಡು ಗೋಡೆಗೆ ಎಸೆಯುವ ಮುನ್ನ ಅಲ್ಲಿಗೆ ಹೋಗುವುದು ಮೇಲು.

ಹದಿನೆಂಟರ ಬೆಳಗ್ಗೆ

ನಮ್ಮಲ್ಲೂ ಕಾನೂನುಗಳು ಬರುತ್ತಿವೆ. 2025ರ ಆಗಸ್ಟಿನಲ್ಲಿ ಸಂಸತ್ತು ಒಪ್ಪಿದ ಆನ್‌ಲೈನ್ ಗೇಮಿಂಗ್ ಕಾಯ್ದೆ ದುಡ್ಡು ಕಟ್ಟಿ ಆಡುವ ಗೇಮುಗಳನ್ನು ನಿಷೇಧಿಸಿತು. 2023ರ ಡಿಜಿಟಲ್ ವೈಯಕ್ತಿಕ ದತ್ತಾಂಶ ಕಾಯ್ದೆಯ ಪ್ರಕಾರ ಹದಿನೆಂಟರೊಳಗಿನವರ ಮಾಹಿತಿ ಬಳಸಲು ಪೋಷಕರ ಖಚಿತ ಒಪ್ಪಿಗೆ ಬೇಕು. ಅದರ ನಿಯಮಗಳು 2025ರ ನವೆಂಬರಿನಲ್ಲಿ ಹೊರಬಂದಿವೆ. ಒಪ್ಪಿಗೆ ಕೇಳುವ ಸಂದೇಶ ಅಮ್ಮನ ಫೋನಿಗೆ ಬಂದು ಮಗನೇ ಅದಕ್ಕೆ ‘ಹೂಂ’ ಅನ್ನುತ್ತಿರುವವರೆಗೆ ಆ ‘ಖಚಿತ’ಕ್ಕೆ ಬೆಲೆ ಇಲ್ಲ.

ಇನ್ನೊಂದು ವಿಷಯ ಯಾವ ಕಾಯ್ದೆಯಲ್ಲೂ ಇಲ್ಲ. ಈ ಬೀಗಗಳಿಗೆಲ್ಲ ಒಂದು ಕೊನೆಯ ದಿನಾಂಕ ಇದೆ. ಹದಿನೆಂಟು ತುಂಬಿದ ಬೆಳಗ್ಗೆ ಗೇಮಿನ ಮೂರು ಗಂಟೆ ಮಿತಿ, ಖರ್ಚಿನ ಮಿತಿ, ಪೋಷಕರ ಒಪ್ಪಿಗೆ ಎಲ್ಲ ಒಂದೇ ಏಟಿಗೆ ಕಳಚಿಬೀಳುತ್ತವೆ. ಆ ವರ್ಷವೇ ಹುಡುಗ ಇಂಜಿನಿಯರಿಂಗ್ ಎಂದು ಹಾಸ್ಟೆಲ್ ಸೇರುತ್ತಾನೆ. ಅವನದೇ ಲ್ಯಾಪ್‌ಟಾಪ್, ರಾತ್ರಿಯಿಡೀ ವೈಫೈ, ರೂಮಿನಲ್ಲಿ ಸ್ಕ್ವಾಡಿಗೆ ಬೇಕಾದ ಮೂವರು. ಅಷ್ಟು ವರ್ಷ ಆಟ ನಿಲ್ಲಿಸಿದ್ದು ಟೈಮರೋ ಅಮ್ಮನ ಕೂಗೋ ಆಗಿದ್ದರೆ, ತಾನೇ ಎದ್ದು ಮುಗಿಸುವುದನ್ನು ಅವನು ಒಂದು ದಿನವೂ ಮಾಡಿರುವುದಿಲ್ಲ. ಹತ್ತರಲ್ಲಿ ಬಿಗಿಯಾಗಿದ್ದ ಬೀಗ ಹದಿಮೂರರಲ್ಲಿ ಸ್ವಲ್ಪ ಸಡಿಲವಾಗಲಿ. ಹದಿನೈದರಲ್ಲಿ ಮಿತಿಯನ್ನು ಅವನೇ ಹಾಕಿಕೊಳ್ಳಲಿ, ನೀವು ನೋಡುತ್ತಿರಿ. ಹದಿನೇಳರಲ್ಲಿ ಪಾಸ್‌ವರ್ಡನ್ನು ಅವನ ಕೈಗೇ ಕೊಡಿ. ಅವನು ತಪ್ಪಿದರೂ ಆ ತಪ್ಪು ಮನೆಯಲ್ಲಿ, ನಿಮ್ಮ ಕಣ್ಣೆದುರೇ ಆಗುತ್ತದೆ. ಹಾಸ್ಟೆಲಿನಲ್ಲಿ ಆದರೆ ನಿಮಗೆ ತಿಳಿಯುವುದು ಸೆಮಿಸ್ಟರ್ ಫಲಿತಾಂಶ ಬಂದ ಮೇಲೆಯೇ.