ಬೆನ್ನ ಹಿಂದಿನ ಪಿಸುಮಾತು

‘ಬೇಕಾದ್ದು ಮಾತ್ರ ಕೇಳುತ್ತೆ ಡಾಕ್ಟ್ರೇ, ಬೇಡದ್ದು ಕೇಳಲ್ಲ.’ ಅತ್ತೆಯನ್ನು ಕರೆತರುವ ಸೊಸೆಯಂದಿರ ದೂರು ಇದು. ಅತ್ತೆಯ ತಪ್ಪಿಲ್ಲ. ವಯಸ್ಸಾದಂತೆ ಕಿವಿ ಮೊದಲು ಬಿಟ್ಟುಕೊಡುವುದು ಕೀರಲು ಸದ್ದುಗಳನ್ನು. ಸ, ಷ, ಚ ಮಸುಕಾಗುತ್ತವೆ, ಸ್ವರಗಳು ಉಳಿಯುತ್ತವೆ. ಯಾರೋ ಮಾತಾಡಿದ್ದು ಗೊತ್ತಾಗುತ್ತದೆ, ಏನೆಂದರು ಅನ್ನುವುದು ತಿಳಿಯುವುದಿಲ್ಲ.

ಅದಕ್ಕೇ ನಾನು ಪಿಸುಮಾತಿನಿಂದ ಶುರುಮಾಡುತ್ತೇನೆ. ತೋಳಳತೆಯ ದೂರದಲ್ಲಿ, ಬೆನ್ನ ಹಿಂದೆ ನಿಲ್ಲಬೇಕು. ಎದುರು ನಿಂತರೆ ತುಟಿ ನೋಡಿಯೇ ಹೇಳಿಬಿಡುತ್ತಾರೆ. ನಿವೃತ್ತ ಮೇಷ್ಟ್ರುಗಳಂತೂ ಇದರಲ್ಲಿ ಪಳಗಿದವರು. ಒಂದು ಕಿವಿಯ ಬಾಯನ್ನು ಬೆರಳಲ್ಲಿ ಒತ್ತಿ ಉಜ್ಜುತ್ತಾ, ಉಸಿರೆಲ್ಲ ಬಿಟ್ಟು, ‘ನಾಲ್ಕು, ಕ, ಎರಡು’ ಎನ್ನುತ್ತೇನೆ. ತಪ್ಪಿದರೆ ಇನ್ನು ಮೂರು. ಆರರಲ್ಲಿ ಮೂರು ಸರಿಯಿದ್ದರೆ ತೆರೆದಿರುವ ಕಿವಿ ಪಾಸು.

ಫೇಲಾದರೆ 512 ಹರ್ಟ್ಸ್‌ನ ಟ್ಯೂನಿಂಗ್ ಫೋರ್ಕ್ ಹೊರಬರುತ್ತದೆ. ಜರ್ಮನಿಯ ವೇಬರ್ 1834ರಲ್ಲಿ, ರಿನ್ನೆ 1855ರಲ್ಲಿ ವಿವರಿಸಿದ ಪರೀಕ್ಷೆಗಳು ಇಂದಿಗೂ ಹಳತಾಗಿಲ್ಲ. ಮಿಡಿದ ಫೋರ್ಕನ್ನು ಕಿವಿಯ ಹಿಂದಿನ ಮೂಳೆಗೆ ಒತ್ತಿ, ಆಮೇಲೆ ಕಿವಿಯೆದುರು ಹಿಡಿದು, ಯಾವುದು ಜೋರು ಎಂದು ಕೇಳುವುದು ರಿನ್ನೆ. ಗಾಳಿಯಲ್ಲೇ ಜೋರಾಗಿರಬೇಕು. ಗುಗ್ಗೆ ಕಟ್ಟಿದ್ದರೆ, ತಮಟೆ ತೂತಾಗಿದ್ದರೆ ಆ ದಾರಿ ಕಟ್ಟಿ, ಮೂಳೆಯ ಸದ್ದೇ ಗೆಲ್ಲುತ್ತದೆ. ಒಂದು ಮೋಸವಿದೆ: ಕಿವಿ ಪೂರ್ತಿ ಸತ್ತಿದ್ದರೂ ಸದ್ದು ತಲೆಬುರುಡೆ ದಾಟಿ ಆಚೆ ಕಿವಿಗೆ ಕೇಳಿ, ‘ಮೂಳೆಯದೇ ಜೋರು’ ಎಂದುಬಿಡುತ್ತಾರೆ. ಆದ್ದರಿಂದಲೇ ಹಣೆಯ ನಡುವೆ ಫೋರ್ಕ್ ಇಡುವ ವೇಬರ್ ಪರೀಕ್ಷೆಯೂ ಬೇಕು. ತಡೆಯಿದ್ದರೆ ಸದ್ದು ಕೆಟ್ಟ ಕಿವಿಗೆ ವಾಲುತ್ತದೆ, ನರದ ತೊಂದರೆಯಾದರೆ ಒಳ್ಳೆಯ ಕಿವಿಗೆ. ಒಂದು ಕಿವಿಗೆ ಬೆರಳಿಟ್ಟು ‘ಹ್ಮ್’ ಎಂದು ಗುನುಗಿ ನೋಡಿ, ಬೆರಳಿಟ್ಟ ಕಡೆಯೇ ಮೊಳಗುತ್ತದೆ.

ಕಿವುಡು ಎಷ್ಟೆಂದು ಫೋರ್ಕ್ ಹೇಳದು. ಅದಕ್ಕೆ ಆಡಿಯೋಮೆಟ್ರಿಯೇ ಬೇಕು. ಹಸುಗೂಸುಗಳಿಗೆ ಬೇರೆ ಯಂತ್ರಗಳಿವೆ. ಮೈಸೂರಿನ ಅಖಿಲ ಭಾರತ ವಾಕ್ ಶ್ರವಣ ಸಂಸ್ಥೆಯಲ್ಲಿ ಎರಡೂ ಆಗುತ್ತವೆ.

ಆದರೆ ಫೋರ್ಕಿಗೆ ನಾನು ಋಣಿಯಾಗಿರುವುದು ಬೇರೆ ಕಾರಣಕ್ಕೆ. ಬೆಳಿಗ್ಗೆ ಎದ್ದಾಗ ಒಂದು ಕಿವಿ ಗಪ್ಪೆಂದು ಕಟ್ಟಿಕೊಂಡಿರುತ್ತದೆ. ಗುಗ್ಗೆ ಇರಬೇಕೆಂದು ಮೆಡಿಕಲ್ ಶಾಪಿನವರು ಹನಿ ಕೊಡುತ್ತಾರೆ. ಕಿವಿಯೊಳಗೆ ಇಣುಕಿದರೆ ಎಲ್ಲ ಶುಚಿ. ಹಣೆಯ ಮೇಲೆ ಫೋರ್ಕ್ ಇಟ್ಟರೆ ಸದ್ದು ಒಳ್ಳೆಯ ಕಿವಿಗೆ ಓಡುತ್ತದೆ. ಇದು ಒಳಕಿವಿಯ ತುರ್ತು. ಅಂಥವರನ್ನು ಅಂದೇ ಆಡಿಯೋಮೆಟ್ರಿಗೆ ಕಳಿಸುತ್ತೇವೆ, ಸಾಮಾನ್ಯವಾಗಿ ಸ್ಟಿರಾಯ್ಡ್ ಶುರುಮಾಡುತ್ತೇವೆ. ಎರಡು ವಾರದೊಳಗೆ ಶುರುವಾದರೆ ಫಲದ ಆಸೆ ಹೆಚ್ಚು. ಹನಿ ಹಾಕುತ್ತಾ ಕಳೆದ ದಿನಗಳೂ ಆ ಎರಡು ವಾರದ ಲೆಕ್ಕದೊಳಗೇ ಬರುತ್ತವೆ.