ಪಕ್ಷದೊಳಗಿನ ಚುನಾವಣೆ: ಅಧಿಕಾರಾರೂಢ ಮೇಯರ್‌ಗೆ ನಿಜವಾದ ಪರೀಕ್ಷೆ
ಷಿಕಾಗೊ ನಗರದ ನಿದರ್ಶನ

ಊರಿನಲ್ಲಿ ಒಂದೇ ಅಂಗಡಿಯಿದ್ದರೆ ಗ್ರಾಹಕನಿಗೆ ಆಯ್ಕೆಯಿರುವುದಿಲ್ಲ. ಒಂದೇ ಪಕ್ಷವು ದಶಕಗಳ ಕಾಲ ಆಳುವ ನಗರದಲ್ಲಿ ಮತದಾರನ ಸ್ಥಿತಿಯೂ ಇದೇ ಎಂದು ಸಾಮಾನ್ಯವಾಗಿ ಭಾವಿಸಲಾಗುತ್ತದೆ. ಅಮೆರಿಕದ ಷಿಕಾಗೊ ನಗರದ ಅನುಭವ ಇದಕ್ಕಿಂತ ಭಿನ್ನವಾಗಿದೆ. 1931ರಿಂದ ಈಚೆಗೆ ಅಲ್ಲಿ ಡೆಮಾಕ್ರಟಿಕ್ ಪಕ್ಷಕ್ಕೆ ಸೇರದ ಯಾರೂ ಮೇಯರ್ ಆಗಿಲ್ಲ. ಆದರೂ 1955, 1979, 1983 ಮತ್ತು 1989ರಲ್ಲಿ, ಹೀಗೆ ನಾಲ್ಕು ಬಾರಿ, ಅಧಿಕಾರದಲ್ಲಿದ್ದ ಮೇಯರ್ ತಮ್ಮದೇ ಪಕ್ಷದ ಒಳಚುನಾವಣೆಯಲ್ಲಿ ಸೋತು ಹುದ್ದೆಯಿಂದ ನಿರ್ಗಮಿಸಬೇಕಾಯಿತು. ಇವುಗಳಲ್ಲಿ 1979ರ ಸ್ಪರ್ಧೆಯು ವರ್ತಕರಿಗೂ ಸಣ್ಣ ಉತ್ಪಾದಕರಿಗೂ ವಿಶೇಷವಾಗಿ ಪರಿಶೀಲನಾರ್ಹ. ತೂಕ ಮತ್ತು ಅಳತೆಯ ಇಲಾಖೆ, ಟ್ಯಾಕ್ಸಿ ದರ, ತೆರವಾಗದ ರಸ್ತೆ ಎಂಬ ನಿತ್ಯ ವ್ಯವಹಾರದ ವಿಷಯಗಳೇ ಅದರ ಫಲಿತಾಂಶವನ್ನು ನಿರ್ಧರಿಸಿದವು.

ಒಳಚುನಾವಣೆಯ ಸ್ವರೂಪ

ಕರ್ನಾಟಕದ ಮಹಾನಗರಪಾಲಿಕೆಗಳಲ್ಲಿ ಚುನಾಯಿತ ಸದಸ್ಯರು ಸೇರಿ ತಮ್ಮೊಳಗೊಬ್ಬರನ್ನು ಮೇಯರ್ ಆಗಿ ಆರಿಸುತ್ತಾರೆ. ಆಡಳಿತದ ಹಿಡಿತವು ಬಹುಮಟ್ಟಿಗೆ ಸರ್ಕಾರ ನೇಮಿಸಿದ ಆಯುಕ್ತರಲ್ಲಿರುತ್ತದೆ. ಷಿಕಾಗೊದಲ್ಲಿ ಮೇಯರ್‌ರನ್ನು ಜನರೇ ನೇರವಾಗಿ ನಾಲ್ಕು ವರ್ಷಗಳ ಅವಧಿಗೆ ಆರಿಸುತ್ತಾರೆ. ಇಲಾಖಾ ಮುಖ್ಯಸ್ಥರ ನೇಮಕ, ಆಯವ್ಯಯದ ಸಿದ್ಧತೆ ಮುಂತಾದವು ಅವರ ಕೈಯಲ್ಲಿರುತ್ತವೆ.

1999ಕ್ಕೆ ಮುಂಚೆ ಈ ಆಯ್ಕೆಯು ಎರಡು ಹಂತಗಳಲ್ಲಿ ನಡೆಯುತ್ತಿತ್ತು. ಫೆಬ್ರುವರಿಯಲ್ಲಿ ಪ್ರೈಮರಿ ಎಂಬ ಒಳಚುನಾವಣೆ, ಏಪ್ರಿಲ್‌ನಲ್ಲಿ ಸಾರ್ವತ್ರಿಕ ಚುನಾವಣೆ. ಪ್ರೈಮರಿಯಲ್ಲಿ ಪಕ್ಷದ ಅಭ್ಯರ್ಥಿ ಯಾರೆಂಬುದನ್ನು ಪಕ್ಷದ ವರಿಷ್ಠರಲ್ಲ, ಸಾಮಾನ್ಯ ಮತದಾರರೇ ತೀರ್ಮಾನಿಸುತ್ತಾರೆ. ಇಲಿನಾಯ್ ರಾಜ್ಯದಲ್ಲಿ ಮತದಾರನು ಪಕ್ಷದ ಸದಸ್ಯನಾಗಿರಬೇಕೆಂಬ ನಿಯಮವಿಲ್ಲ. ಮತಗಟ್ಟೆಯಲ್ಲಿ ತನಗೆ ಬೇಕಾದ ಪಕ್ಷದ ಮತಪತ್ರವನ್ನು ಕೇಳಿ ಪಡೆಯುತ್ತಾನೆ. ಗೆಲ್ಲಲು ಅರ್ಧಕ್ಕಿಂತ ಹೆಚ್ಚು ಮತ ಬೇಕಾಗಿರಲಿಲ್ಲ. ಉಳಿದವರಿಗಿಂತ ಹೆಚ್ಚು ಪಡೆದರೆ ಸಾಕಾಗಿತ್ತು. ಒಂದೇ ಪಕ್ಷ ಪ್ರಬಲವಾಗಿದ್ದ ನಗರದಲ್ಲಿ ಏಪ್ರಿಲ್‌ನ ಚುನಾವಣೆ ಹೆಚ್ಚಾಗಿ ಔಪಚಾರಿಕವಾಗಿರುತ್ತಿತ್ತು. ನಿಜವಾದ ತೀರ್ಪು ಫೆಬ್ರುವರಿಯಲ್ಲಿಯೇ ಹೊರಬೀಳುತ್ತಿತ್ತು.

ಸೇವೆ ಮತ್ತು ಮತದ ವಿನಿಮಯ

1955ರಲ್ಲಿ ರಿಚರ್ಡ್ ಜೆ. ಡೇಲಿ ಅವರು ಅಂದಿನ ಮೇಯರ್ ಮಾರ್ಟಿನ್ ಕೆನೆಲಿ ಅವರನ್ನು ಇದೇ ಒಳಚುನಾವಣೆಯಲ್ಲಿ ಸೋಲಿಸಿ ಅಧಿಕಾರಕ್ಕೆ ಬಂದರು. ಕೆನೆಲಿ ಅವರು ಸರಕು ಸಾಗಣೆ ಮತ್ತು ಗೋದಾಮು ಉದ್ಯಮದಿಂದ ಬಂದವರು. ಪಕ್ಷದ ಸಂಘಟನೆಯು ಅವರನ್ನು ಕೈಬಿಟ್ಟು ಡೇಲಿ ಅವರ ಬೆನ್ನಿಗೆ ನಿಂತಿತು. ಡೇಲಿ ಅವರು 1976ರ ಡಿಸೆಂಬರ್‌ನಲ್ಲಿ ನಿಧನರಾಗುವವರೆಗೆ, ಅಂದರೆ 21 ವರ್ಷಗಳ ಕಾಲ, ಮೇಯರ್ ಆಗಿದ್ದರು. ಜಿಲ್ಲಾ ಪಕ್ಷದ ಅಧ್ಯಕ್ಷ ಸ್ಥಾನವನ್ನೂ ಅವರೇ ಹೊಂದಿದ್ದರು.

ನಗರದ 50 ವಾರ್ಡ್‌ಗಳಲ್ಲಿ ಪ್ರತಿಯೊಂದಕ್ಕೂ ಪಕ್ಷದ ಒಬ್ಬ ಮುಖಂಡ, ಅವರ ಕೆಳಗೆ ಪ್ರತಿ ಮತಗಟ್ಟೆಯ ವ್ಯಾಪ್ತಿಗೆ ಒಬ್ಬ ಕಾರ್ಯಕರ್ತ ಇರುತ್ತಿದ್ದರು. ಅನೇಕ ಕಾರ್ಯಕರ್ತರಿಗೆ ಪಾಲಿಕೆಯಲ್ಲಿಯೇ ಉದ್ಯೋಗ. ಬೀದಿದೀಪ ಕೆಟ್ಟರೆ, ಕಸ ಎತ್ತದಿದ್ದರೆ, ಅಂಗಡಿಯ ಪರವಾನಗಿ ವಿಳಂಬವಾದರೆ ನಿವಾಸಿಗಳು ಹೋಗುತ್ತಿದ್ದುದು ಅವರ ಬಳಿಗೆ. ಕೆಲಸ ಆಗುತ್ತಿತ್ತು, ಚುನಾವಣೆಯಲ್ಲಿ ಮತದ ರೂಪದಲ್ಲಿ ಅದು ಸಂದಾಯವಾಗುತ್ತಿತ್ತು. ಈ ವ್ಯವಸ್ಥೆಯಲ್ಲಿ ಪಕ್ಷಪಾತವಿತ್ತು. ಕರಿಯ ಜನರ ಬಡಾವಣೆಗಳಿಗೆ ದೊರೆಯುತ್ತಿದ್ದ ಪಾಲು ಕಡಿಮೆಯಿತ್ತು. ಆದರೆ ಅದು ನಿಂತಿದ್ದುದು ಒಂದು ಸರಳ ಕರಾರಿನ ಮೇಲೆ: ನಗರದ ಕೆಲಸ ನಡೆಯುತ್ತಿರಬೇಕು.

ತೂಕ-ಅಳತೆ ಇಲಾಖೆಯಿಂದ ಬಂದ ಎದುರಾಳಿ

ಡೇಲಿ ಅವರ ನಂತರ ನಗರಸಭೆಯು ಅದರ ಹಣಕಾಸು ಸಮಿತಿಯ ಅಧ್ಯಕ್ಷರಾಗಿದ್ದ ಮೈಕೆಲ್ ಬಿಲಾಂಡಿಕ್ ಅವರನ್ನು ಹಂಗಾಮಿ ಮೇಯರ್ ಆಗಿ ಆರಿಸಿತು. 1977ರ ಜೂನ್‌ನ ವಿಶೇಷ ಚುನಾವಣೆಯಲ್ಲಿ ಅವರು ಉಳಿದ ಅವಧಿಗೆ ಜನರಿಂದಲೂ ಆಯ್ಕೆಯಾದರು.

ಜೇನ್ ಬರ್ನ್ ಅವರನ್ನು 1968ರಲ್ಲಿ ಡೇಲಿ ಅವರೇ ಗ್ರಾಹಕ ಮಾರಾಟ, ತೂಕ ಮತ್ತು ಅಳತೆಗಳ ಇಲಾಖೆಯ ಆಯುಕ್ತರನ್ನಾಗಿ ನೇಮಿಸಿದ್ದರು. ಅಂಗಡಿಯ ತಕ್ಕಡಿಯಿಂದ ಹಿಡಿದು ಟ್ಯಾಕ್ಸಿಯ ಮೀಟರಿನವರೆಗೆ ವ್ಯಾಪಾರದ ಅಳತೆಗಳು ಸರಿಯಾಗಿವೆಯೇ ಎಂದು ನೋಡುವುದು ಆ ಇಲಾಖೆಯ ಹೊಣೆ. 1977ರಲ್ಲಿ ಟ್ಯಾಕ್ಸಿ ದರ ಏರಿಕೆಯ ವಿಷಯದಲ್ಲಿ ಮೇಯರ್ ಅವರು ಟ್ಯಾಕ್ಸಿ ಕಂಪನಿಗಳಿಗೆ ಅನುಕೂಲ ಮಾಡಿಕೊಟ್ಟರೆಂದು ಬರ್ನ್ ಬಹಿರಂಗವಾಗಿ ಆರೋಪಿಸಿದರು. ಬಿಲಾಂಡಿಕ್ ಅವರು ಅದನ್ನು ಅಲ್ಲಗಳೆದು, ಅದೇ ವರ್ಷದ ನವೆಂಬರ್‌ನಲ್ಲಿ ಆಕೆಯನ್ನು ಹುದ್ದೆಯಿಂದ ತೆಗೆದುಹಾಕಿದರು. ಮುಂದಿನ ಒಳಚುನಾವಣೆಯಲ್ಲಿ ಮೇಯರ್ ವಿರುದ್ಧ ನಿಲ್ಲುವುದಾಗಿ ಬರ್ನ್ ಪ್ರಕಟಿಸಿದಾಗ ಅದನ್ನು ಗಂಭೀರವಾಗಿ ಪರಿಗಣಿಸಿದವರು ವಿರಳ. ಆಕೆಯ ಬಳಿ ವಾರ್ಡ್ ಸಂಘಟನೆಯಿರಲಿಲ್ಲ, ದೊಡ್ಡ ನಿಧಿಯೂ ಇರಲಿಲ್ಲ.

ಹಿಮ ತೆರೆದಿಟ್ಟ ಲೆಕ್ಕ

ಹೊಸ ವರ್ಷದ ಮುನ್ನಾದಿನ ಬಿದ್ದ ಹಿಮ ಕರಗುವ ಮೊದಲೇ, 1979ರ ಜನವರಿ 13 ಮತ್ತು 14ರಂದು ನಗರದ ಮೇಲೆ ಸುಮಾರು 20 ಅಂಗುಲ ಹಿಮ ಸುರಿಯಿತು. ನೆಲದ ಮೇಲಿನ ಹಿಮದ ದಪ್ಪ 29 ಅಂಗುಲ ಮುಟ್ಟಿತು. ಓಹೇರ್ ವಿಮಾನನಿಲ್ದಾಣ ಮುಚ್ಚಿತು. ಒಳರಸ್ತೆಗಳು ದಿನಗಟ್ಟಲೆ ತೆರವಾಗಲಿಲ್ಲ, ಕಸ ವಿಲೇವಾರಿ ನಿಂತಿತು. ಗ್ರಾಹಕ ಅಂಗಡಿಗೆ ಬರಲಾಗದ, ನೌಕರ ಕೆಲಸಕ್ಕೆ ತಲುಪಲಾಗದ, ಲಾರಿ ಗೋದಾಮಿನಿಂದ ಹೊರಡಲಾಗದ ಪರಿಸ್ಥಿತಿಯಲ್ಲಿ ಸಣ್ಣ ವ್ಯಾಪಾರಿಗೆ ಎಷ್ಟು ಪೆಟ್ಟು ಬೀಳುವುದೆಂದು ವಿವರಿಸಬೇಕಾಗಿಲ್ಲ.

ಹಿಮ ಬಿದ್ದುದು ಮೇಯರ್‌ರ ತಪ್ಪಲ್ಲ. ಜನರೂ ಹಾಗೆ ಹೇಳಲಿಲ್ಲ. ಅವರಿಗೆ ಹಾನಿ ಮಾಡಿದುದು ಎರಡು ಸಂಗತಿಗಳು. ಮೊದಲನೆಯದು, ಪರಿಸ್ಥಿತಿ ಹತೋಟಿಯಲ್ಲಿದೆ ಎಂಬ ಭರವಸೆ. ವಾಹನಗಳನ್ನು ನಿಲ್ಲಿಸಲು ಶಾಲೆಗಳ ಆವರಣಗಳನ್ನು ತೆರವುಗೊಳಿಸಲಾಗಿದೆ ಎಂದು ಪಾಲಿಕೆ ಪ್ರಕಟಿಸಿತು. ಅಲ್ಲಿಗೆ ಹೋದ ಅನೇಕರಿಗೆ ಕಂಡುದು ತೆರವಾಗದ ಹಿಮದ ರಾಶಿ. ಎರಡನೆಯದು, ರೈಲುಗಳ ವಿಳಂಬವನ್ನು ತಗ್ಗಿಸಲು ಕೆಲವು ನಿಲ್ದಾಣಗಳಲ್ಲಿ ನಿಲ್ಲದೆ ಮುಂದೆ ಹೋಗಬೇಕೆಂಬ ನಿರ್ಧಾರ. ಹಾಗೆ ಕೈಬಿಟ್ಟ ನಿಲ್ದಾಣಗಳಲ್ಲಿ ಹೆಚ್ಚಿನವು ಕರಿಯ ಜನರು ವಾಸಿಸುವ ಬಡಾವಣೆಗಳವು. ಕೊರೆಯುವ ಚಳಿಯಲ್ಲಿ ವೇದಿಕೆಯ ಮೇಲೆ ನಿಂತವರ ಕಣ್ಣೆದುರೇ ರೈಲು ನಿಲ್ಲದೆ ಸಾಗಿತು. ದಶಕಗಳಿಂದ ಪಕ್ಷಕ್ಕೆ ಮತ ನೀಡಿದ ವಾರ್ಡ್‌ಗಳಲ್ಲಿ ಸೇವೆ ಮತ್ತು ಮತದ ಹಳೆಯ ಕರಾರು ಅಲ್ಲಿಗೆ ಮುರಿದುಬಿತ್ತು.

ಫೆಬ್ರುವರಿ 27ರಂದು ನಡೆದ ಒಳಚುನಾವಣೆಯಲ್ಲಿ 8 ಲಕ್ಷಕ್ಕೂ ಹೆಚ್ಚು ಮತಗಳು ಚಲಾವಣೆಯಾದವು. ಬರ್ನ್ ಅವರಿಗೆ ಶೇಕಡ 51, ಬಿಲಾಂಡಿಕ್ ಅವರಿಗೆ ಶೇಕಡ 49. ಅಂತರ 17 ಸಾವಿರಕ್ಕೂ ಕಡಿಮೆ. ಏಪ್ರಿಲ್ 3ರ ಸಾರ್ವತ್ರಿಕ ಚುನಾವಣೆಯಲ್ಲಿ ಶೇಕಡ 80ಕ್ಕೂ ಹೆಚ್ಚು ಮತ ಪಡೆದು ಬರ್ನ್ ಅವರು ನಗರದ ಪ್ರಥಮ ಮಹಿಳಾ ಮೇಯರ್ ಆದರು. ಈ ಎರಡು ಅಂಕಿಗಳ ನಡುವಿನ ವ್ಯತ್ಯಾಸವೇ, ಸ್ಪರ್ಧೆ ನಡೆದುದು ಯಾವ ಹಂತದಲ್ಲಿ ಎಂಬುದನ್ನು ತಿಳಿಸುತ್ತದೆ.

ಗೆದ್ದವರಿಗೂ ಅದೇ ಅಳತೆ

ಬರ್ನ್ ಅವರ ಆಡಳಿತದ ಮೊದಲ ವರ್ಷದಲ್ಲಿಯೇ ಸಾರಿಗೆ ನೌಕರರು, ಶಿಕ್ಷಕರು ಹಾಗೂ ಅಗ್ನಿಶಾಮಕ ಸಿಬ್ಬಂದಿ ಒಬ್ಬರ ನಂತರ ಒಬ್ಬರು ಮುಷ್ಕರ ಹೂಡಿದರು. ಚುನಾವಣೆಯಲ್ಲಿ ತಾವು ಟೀಕಿಸಿದ್ದ ಪಕ್ಷದ ಮುಖಂಡರೊಂದಿಗೇ ಆಕೆ ಹೊಂದಾಣಿಕೆ ಮಾಡಿಕೊಂಡರು. ಗೆಲುವಿಗೆ ಕಾರಣರಾದ ಕರಿಯ ಮತದಾರರಲ್ಲಿ ಅಸಮಾಧಾನ ಬೆಳೆಯಿತು.

1983ರ ಫೆಬ್ರುವರಿ 22ರ ಒಳಚುನಾವಣೆಯಲ್ಲಿ ಆಕೆಗೆ ಇಬ್ಬರು ಪ್ರಬಲ ಎದುರಾಳಿಗಳು: ಸಂಸತ್ ಸದಸ್ಯ ಹೆರಾಲ್ಡ್ ವಾಷಿಂಗ್ಟನ್ ಮತ್ತು ಹಳೆಯ ಮೇಯರ್‌ರ ಪುತ್ರ ರಿಚರ್ಡ್ ಎಂ. ಡೇಲಿ. ವಾಷಿಂಗ್ಟನ್ ಸುಮಾರು ಶೇಕಡ 36, ಬರ್ನ್ 33, ಡೇಲಿ 30 ಮತ ಗಳಿಸಿದರು. ಮೂವರಲ್ಲಿ ಮತ ಹಂಚಿಹೋದುದರಿಂದ ಮೂರರಲ್ಲೊಂದು ಪಾಲಿಗಿಂತ ಸ್ವಲ್ಪವೇ ಹೆಚ್ಚು ಮತ ಪಡೆದವರು ಅಧಿಕಾರಾರೂಢ ಮೇಯರ್‌ರನ್ನು ಸೋಲಿಸಿದರು. ಮತಪತ್ರದಲ್ಲಿ ತಮ್ಮ ಹೆಸರನ್ನು ಕೈಯಿಂದ ಬರೆದು ಮತ ನೀಡಬೇಕೆಂದು ಕೋರಿ ಬರ್ನ್ ಅವರು ಏಪ್ರಿಲ್‌ನ ಕಣಕ್ಕೆ ಇಳಿಯುವುದಾಗಿ ಘೋಷಿಸಿದರಾದರೂ ಬೇಗನೆ ಹಿಂದೆ ಸರಿದರು.

ಆದರೆ ಒಳಚುನಾವಣೆಯ ಗೆಲುವೇ ಅಂತಿಮ ಗೆಲುವೆಂಬ ನಂಬಿಕೆ ಆ ವರ್ಷ ಅಲುಗಾಡಿತು. ಪಕ್ಷದ ಹಲವು ಬಿಳಿಯ ಮುಖಂಡರು ರಿಪಬ್ಲಿಕನ್ ಅಭ್ಯರ್ಥಿ ಬರ್ನಾರ್ಡ್ ಎಪ್ಟನ್ ಅವರತ್ತ ವಾಲಿದರು. ವಾಷಿಂಗ್ಟನ್ ಗೆದ್ದುದು ಸುಮಾರು ಶೇಕಡ 52 ಮತಗಳಿಂದ ಮಾತ್ರ. ಷಿಕಾಗೊದ ಪ್ರಥಮ ಕರಿಯ ಮೇಯರ್ ಆದ ಅವರು 1987ರಲ್ಲಿ ಒಳಚುನಾವಣೆಯಲ್ಲಿ ಬರ್ನ್ ಅವರನ್ನೇ ಮತ್ತೆ ಎದುರಿಸಿ, ನೇರ ಸ್ಪರ್ಧೆಯಲ್ಲಿ ಅರ್ಧಕ್ಕಿಂತ ಹೆಚ್ಚು ಮತ ಪಡೆದು ಸ್ಥಾನ ಉಳಿಸಿಕೊಂಡರು. ಎಂದರೆ ಅಧಿಕಾರದಲ್ಲಿರುವವರು ಸೋಲಲೇಬೇಕೆಂಬ ನಿಯಮವಿಲ್ಲ. ತಮ್ಮನ್ನು ಗೆಲ್ಲಿಸಿದವರನ್ನು ಜೊತೆಯಲ್ಲಿ ಉಳಿಸಿಕೊಂಡವರಿಗೆ ರಕ್ಷಣೆಯಿದೆ.

ನಿಯಮ ಬದಲಾಯಿತು, ಪರೀಕ್ಷೆ ಉಳಿಯಿತು

1995ರಲ್ಲಿ ಅಂಗೀಕಾರವಾದ ಕಾನೂನಿನನ್ವಯ ಷಿಕಾಗೊ ಮೇಯರ್ ಚುನಾವಣೆ 1999ರಿಂದ ಪಕ್ಷರಹಿತವಾಗಿದೆ. ಫೆಬ್ರುವರಿಯಲ್ಲಿ ಎಲ್ಲ ಅಭ್ಯರ್ಥಿಗಳೂ ಒಟ್ಟಿಗೆ ಸ್ಪರ್ಧಿಸುತ್ತಾರೆ. ಯಾರಿಗೂ ಅರ್ಧಕ್ಕಿಂತ ಹೆಚ್ಚು ಮತ ಬಾರದಿದ್ದರೆ ಮೊದಲ ಇಬ್ಬರ ನಡುವೆ ಏಪ್ರಿಲ್‌ನಲ್ಲಿ ಮರುಸ್ಪರ್ಧೆ ನಡೆಯುತ್ತದೆ. 2015ರಲ್ಲಿ ಮೇಯರ್ ರಾಮ್ ಇಮ್ಯಾನುಯೆಲ್ ಅವರು ಮೊದಲ ಸುತ್ತಿನಲ್ಲಿ ಬಹುಮತ ಗಳಿಸಲಾಗದೆ ಮರುಸ್ಪರ್ಧೆ ಎದುರಿಸಿ ಗೆದ್ದರು. 2019ರ ಮರುಸ್ಪರ್ಧೆಯಲ್ಲಿ ಎಲ್ಲ 50 ವಾರ್ಡ್‌ಗಳಲ್ಲಿಯೂ ಮುಂದಿದ್ದ ಲೋರಿ ಲೈಟ್‌ಫುಟ್ ಅವರು 2023ರ ಮೊದಲ ಸುತ್ತಿನಲ್ಲಿಯೇ ಮೂರನೆಯ ಸ್ಥಾನಕ್ಕೆ ಕುಸಿದರು. ನಾಲ್ಕು ವರ್ಷಗಳ ಹಿಂದಿನ ಬಹುಮತವು ಈ ಬಾರಿಯ ಬಂಡವಾಳವಾಗಲಿಲ್ಲ.

ವ್ಯಾಪಾರಿ ವರ್ಗಕ್ಕೆ ತಿಳಿಯಬೇಕಾದುದು

ಈ ಇತಿಹಾಸದಿಂದ ಮೂರು ಅಂಶಗಳು ಸ್ಪಷ್ಟವಾಗುತ್ತವೆ. ಮೊದಲನೆಯದಾಗಿ, ಒಂದೇ ಪಕ್ಷದ ಪ್ರಾಬಲ್ಯವಿರುವಲ್ಲಿ ಸ್ಪರ್ಧೆ ಇಲ್ಲವಾಗುವುದಿಲ್ಲ. ಅದು ಪಕ್ಷದೊಳಕ್ಕೆ ಸರಿಯುತ್ತದೆ. ಪರವಾನಗಿ, ತೆರಿಗೆ, ರಸ್ತೆಗಳ ಕುರಿತ ಅಹವಾಲುಗಳನ್ನು ಸಾರ್ವತ್ರಿಕ ಚುನಾವಣೆಯವರೆಗೆ ಕಾದಿರಿಸಿದ ವರ್ತಕನು ಅಲ್ಲಿ ಸಂತೆ ಮುಗಿದ ಮೇಲೆ ಬಂದಂತಾಗುತ್ತಾನೆ. ಎರಡನೆಯದಾಗಿ, ಅಭ್ಯರ್ಥಿಗಳ ಸಂಖ್ಯೆ ಮತ್ತು ಗೆಲುವಿನ ನಿಯಮಗಳು ಜನಪ್ರಿಯತೆಯಷ್ಟೇ ಮುಖ್ಯ. 1979ರ ನೇರ ಸ್ಪರ್ಧೆಗೂ 1983ರ ತ್ರಿಕೋನ ಸ್ಪರ್ಧೆಗೂ ಲೆಕ್ಕಾಚಾರವೇ ಬೇರೆ.

ಮೂರನೆಯದು ಎಲ್ಲಕ್ಕಿಂತ ಮುಖ್ಯವಾದುದು. ಪಕ್ಷದೊಳಗಿನ ಎದುರಾಳಿಯ ಮುಂದೆ ಅಧಿಕಾರಾರೂಢ ಮೇಯರ್‌ಗೆ ಪಕ್ಷದ ಹೆಸರು ನೆರವಾಗದು, ಏಕೆಂದರೆ ಇಬ್ಬರದೂ ಅದೇ ಹೆಸರು. ಉಳಿಯುವುದು ಕೆಲಸದ ಲೆಕ್ಕ ಮಾತ್ರ. ಬಿಲಾಂಡಿಕ್ ಅವರ ಬಳಿ ಸಂಘಟನೆಯಿತ್ತು, ನಿಧಿಯಿತ್ತು, ಡೇಲಿ ಅವರ ಪರಂಪರೆಯಿತ್ತು. ತೆರವಾಗದ ರಸ್ತೆ ಮತ್ತು ತೆರವಾಗಿದೆ ಎಂಬ ಹೇಳಿಕೆ ಆ ಮೂರನ್ನೂ ನಿಷ್ಫಲಗೊಳಿಸಿದವು. ಸರಕು ತಡವಾಗಬಹುದೆಂದು ಮೊದಲೇ ತಿಳಿಸಿದ ವ್ಯಾಪಾರಿಯನ್ನು ಗ್ರಾಹಕ ಮನ್ನಿಸಿಯಾನು. ಸರಕು ಬಂದಿದೆ ಎಂದು ಕರೆಸಿಕೊಂಡು ಬರಿಗೈಯಲ್ಲಿ ಕಳುಹಿಸಿದವನ ಅಂಗಡಿಗೆ ಮತ್ತೆ ಬರಲಾರ. ಷಿಕಾಗೊದ ಮತದಾರರು 1979ರಲ್ಲಿ ನಡೆದುಕೊಂಡುದು ಬಹುತೇಕ ಹೀಗೆಯೇ.