ಬೇಗ ಎಂದರೆ ಎಷ್ಟು ಬೇಗ?

ಮದುವೆಗೆ ಬಿರಿಯಾನಿ ಮಾಡಿಸುವಾಗ ಬಾವರ್ಚಿ ಮೊದಲು ಏನು ಕೇಳುತ್ತಾನೆ? ಎಷ್ಟು ಮಂದಿಗೆ, ಎಷ್ಟು ಗಂಟೆಗೆ ಎಂದು. "ಬೇಗ ಮಾಡಿ" ಎಂದಷ್ಟೇ ಹೇಳಿದರೆ ಅವನು ಒಲೆಯನ್ನೇ ಹಚ್ಚುವುದಿಲ್ಲ. ಆದರೆ ಅಂಗಡಿಗೆ ಬಿಲ್ಲಿಂಗ್ ಸಾಫ್ಟ್‌ವೇರ್ ಮಾಡಿಸುವಾಗ ನಾವು ಹೇಳುವುದು ಅದೊಂದೇ ಮಾತು, "ಬೇಗ ಆಗಬೇಕು". ಮಾಡಿಕೊಡುವವರೂ ಎರಡನೆಯ ಪ್ರಶ್ನೆ ಕೇಳುವುದಿಲ್ಲ. ನಿಮ್ಮ ಮಗಳೋ ಸೊಸೆಯೋ ಈ ಕೆಲಸದಲ್ಲಿದ್ದರೆ ಮುಂದಿನದು ನಿಮಗೇ ಗೊತ್ತು. ರಾತ್ರಿಯೆಲ್ಲ ಕುಳಿತು ವೇಗ ಹೆಚ್ಚಿಸಿರುತ್ತಾಳೆ. ಬೆಳಗ್ಗೆ ಮಾಲೀಕರು "ಇನ್ನೂ ನಿಧಾನ" ಎನ್ನುತ್ತಾರೆ. ಹಣ ಕೊಡುವಾಗ ಜಗಳ. ನಿಧಾನವಾಗಿದ್ದದ್ದು ಹಳೆಯ ಪ್ರಿಂಟರ್ ಇರಬಹುದು!

ಮಾಗಡಿ ತಾಲ್ಲೂಕಿನ ಕುದೂರಿನಂತಹ ಹೋಬಳಿಗಳ ರೈತರಿಗೆ ಇದು ಹೊಸ ವಿಷಯವೇನಲ್ಲ. ಪಹಣಿ ಬೇಕೆಂದರೆ ಗ್ರಾಮಲೆಕ್ಕಿಗರನ್ನು ಹುಡುಕಿಕೊಂಡು ಅಲೆಯಬೇಕಿದ್ದ ಕಾಲವಿತ್ತು. 2000ದ ಸುಮಾರಿಗೆ ಕಂದಾಯ ಇಲಾಖೆಯು 'ಭೂಮಿ' ಯೋಜನೆಯಡಿ ಈ ದಾಖಲೆಗಳನ್ನು ಕಂಪ್ಯೂಟರಿಗೆ ತಂದಿತು. ತಾಲ್ಲೂಕು ಕಚೇರಿಯ ಕಿಟಕಿಯಲ್ಲಿ ಆಗ 15 ರೂಪಾಯಿ ಕೊಟ್ಟರೆ ಪಹಣಿ ಅಲ್ಲೇ ಕೈಗೆ ಬರುತ್ತಿತ್ತು. ಆದರೆ ಗಂಡ ತೀರಿಕೊಂಡ ಹೆಂಗಸೊಬ್ಬಳು ಖಾತೆ ಬದಲಾವಣೆಗೆ ಅರ್ಜಿ ಕೊಟ್ಟರೆ? ತಕರಾರು ಇರುವವರು ಬಂದು ಹೇಳಲೆಂದು ಕಾನೂನು ಆಗ 30 ದಿನಗಳ ಅವಕಾಶ ಕೊಟ್ಟಿತ್ತು. ಎಂತಹ ಜಾಣ ತಂತ್ರಾಂಶವೂ ಅದನ್ನು ಮೊಟಕುಗೊಳಿಸಲಾರದು, ಮೊಟಕುಗೊಳಿಸಲೂಬಾರದು. ಆ ದಿನಗಳು ಅವಳ ಪಾಲಿನ ರಕ್ಷಣೆಯೂ ಹೌದು. ಅಲ್ಲಿ ಕಂಪ್ಯೂಟರಿನಿಂದ ಬೇಕಾಗಿದ್ದದ್ದು ವೇಗಕ್ಕಿಂತ ಸರದಿ. ಮೊದಲು ಬಂದ ಅರ್ಜಿಯನ್ನು ಬದಿಗಿಟ್ಟು ಪರಿಚಯದವರದ್ದನ್ನು ಮೊದಲು ಮುಗಿಸದಂತೆ 'ಭೂಮಿ'ಯಲ್ಲಿ ಸರದಿಯನ್ನೇ ನಿಯಮವಾಗಿಸಲಾಯಿತು. ಬೇಡಿಕೆಯನ್ನು ಸರಿಯಾಗಿ ಕೇಳಿಸಿಕೊಂಡದ್ದೇ ಇಲ್ಲಿನ ಜಾಣತನ ಎನ್ನಬೇಕು.

2012ರ ಏಪ್ರಿಲ್ 2ರಂದು ಬಂದ 'ಸಕಾಲ' ಇನ್ನೂ ಮುಂದೆ ಹೋಯಿತು. ಪ್ರತಿ ಸೇವೆಗೂ ಇಷ್ಟೇ ದಿನ ಎಂದು ನಿಗದಿ. ತಡವಾದರೆ ದಿನಕ್ಕೆ 20 ರೂಪಾಯಿಯಂತೆ, ಗರಿಷ್ಠ 500 ರೂಪಾಯಿ ಪರಿಹಾರ. ದಿನಗಳ ಲೆಕ್ಕ ಬರೆದಿಟ್ಟ ಮೇಲಷ್ಟೇ 'ತಡ' ಎಂಬ ಮಾತಿಗೆ ಅರ್ಥ ಬಂತು.

ನಿಮ್ಮ ಬಟ್ಟೆ ಅಂಗಡಿಗೂ ಇದೇ ಲೆಕ್ಕ. ಹಬ್ಬದ ಹಿಂದಿನ ವಾರ ಒಂದೇ ಹೊತ್ತಿಗೆ ಎಷ್ಟು ಕೌಂಟರಿನಲ್ಲಿ ಬಿಲ್ ಹಾಕುತ್ತೀರಿ? ಗಿರಾಕಿ ಎಷ್ಟು ಸೆಕೆಂಡ್ ಕಾಯಬಹುದು? ಕೆಲಸ ನಡೆಯುವುದು ಹೊಸ ಕಂಪ್ಯೂಟರಿನಲ್ಲೋ, ಮೂಲೆಯಲ್ಲಿರುವ ಹಳೆಯದರಲ್ಲೋ? ಮುಂಗಡ ಕೊಡುವ ಮೊದಲೇ ಇಬ್ಬರೂ ಕುಳಿತು ಇವನ್ನು ಕಾಗದದಲ್ಲಿ ಬರೆದು ಸಹಿ ಹಾಕಿ. ಮೂರು ಸೆಕೆಂಡ್ ಎಂದು ಬರೆದಿದ್ದರೆ, ಮೂರು ಸೆಕೆಂಡಿನಲ್ಲಿ ಬಿಲ್ ಬಂದ ದಿನ ಆ ಹುಡುಗಿಯ ಕೆಲಸ ಮುಗಿಯಿತು. ಬಾಕಿ ಹಣ ಕೊಟ್ಟುಬಿಡಿ.